ದೆವ್ವಕ್ಕಿಂತ ಮುಚ್ಚಿದ ಬಾಗಿಲು ಭಯಂಕರ

ದಿವಾನ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗಳು ಶಾಕಿರೆ ಖಲೀಲಿ 1991ರಲ್ಲಿ ಬೆಂಗಳೂರಿನ ರಿಚ್ಮಂಡ್ ರಸ್ತೆಯ ಮನೆಯಿಂದ ಕಣ್ಮರೆಯಾದರು. ಕೇಳಿದವರಿಗೆಲ್ಲ ಎರಡನೇ ಪತಿ ಒಂದೊಂದು ನೆಪ ಹೇಳುತ್ತ ಬಂದ. ಮಗಳು ಬೆನ್ನುಬಿಡದೆ ದೂರು ಕೊಟ್ಟ ಮೇಲೆ, 1994ರಲ್ಲಿ ಆ ಮನೆಯಂಗಳ ಅಗೆದಾಗ ತಾಯಿಯ ಅಸ್ಥಿ ಸಿಕ್ಕಿತು. ಆ ಪತಿಯೇ ಮತ್ತಿನ ಔಷಧಿ ಕೊಟ್ಟು, ಪೆಟ್ಟಿಗೆಯಲ್ಲಿಟ್ಟು ಹೂಳಿದ್ದ. 2008ರಲ್ಲಿ ಸುಪ್ರೀಂ ಕೋರ್ಟ್ ಅವನಿಗೆ ಸಾಯುವತನಕ ಸೆರೆವಾಸ ವಿಧಿಸಿತು. 2023ರಲ್ಲಿ ಬಂದ ‘ಡ್ಯಾನ್ಸಿಂಗ್ ಆನ್ ದಿ ಗ್ರೇವ್’ ಸಾಕ್ಷ್ಯಸರಣಿಯ ನಿರ್ದೇಶಕ ಪ್ಯಾಟ್ರಿಕ್ ಗ್ರಹಾಂ, ಅದಕ್ಕೂ ಮೊದಲು ‘ಘೂಲ್’ ಎಂಬ ಹಾರರ್ ಸರಣಿ ಮಾಡಿದ್ದವರು. ಇಲ್ಲಿ ಅವರಿಗೆ ದೆವ್ವದ ಅಗತ್ಯವೇ ಬೀಳಲಿಲ್ಲ.

ಅಮೆರಿಕದ ‘ದಿ ಗರ್ಲ್ ನೆಕ್ಸ್ಟ್ ಡೋರ್’ (2007) ಚಿತ್ರದಲ್ಲೂ ದೆವ್ವವಿಲ್ಲ. 1965ರಲ್ಲಿ ಇಂಡಿಯಾನಾಪೊಲಿಸ್‌ನಲ್ಲಿ ಸತ್ತ 16ರ ಬಾಲೆ ಸಿಲ್ವಿಯಾ ಲೈಕೆನ್ಸ್ ಪ್ರಕರಣ ಅದರ ಮೂಲ. ನೋಡಿಕೊಳ್ಳಬೇಕಾದ ಹೆಂಗಸೇ ಅವಳನ್ನು ಹಿಂಸಿಸಿದಳು. ಓಣಿಯ ಹುಡುಗರೂ ಕೈಜೋಡಿಸಿದರು. ಚೀರಾಟ ಕೇಳಿದ ನೆರೆಯವರು ಸುಮ್ಮನಿದ್ದರು.

ಈ ಚಿತ್ರದಲ್ಲಿ ಎದೆ ನಡುಗಿಸುವುದು ಆ ಸುಮ್ಮನಿರುವಿಕೆ. ‘ಗಂಡ-ಹೆಂಡಿರ ಜಗಳ ಉಂಡು ಮಲಗುವ ತನಕ’ ಎಂದು ನಾವೂ ಕಿವಿ ಮುಚ್ಚಿಕೊಳ್ಳುತ್ತೇವೆ. ಉಂಡ ಮೇಲೂ ಮುಗಿಯದ ಹೊಡೆತಕ್ಕೆ ಆ ಗಾದೆಯಲ್ಲಿ ಜಾಗವಿಲ್ಲ. ಗಿರೀಶ ಕಾರ್ನಾಡರ ನಾಟಕವನ್ನು ನಾಗಾಭರಣ 1997ರಲ್ಲಿ ತೆರೆಗೆ ತಂದ ‘ನಾಗಮಂಡಲ’ದಲ್ಲಿ ಅಪ್ಪಣ್ಣ ಹೆಂಡತಿಯನ್ನು ಒಳಗಿಟ್ಟು ಕೀಲಿ ಹಾಕಿ ಹೋಗುತ್ತಾನೆ. ರಾಣಿಗೆ ಜೊತೆಯಾಗಲು ಹಾವೇ ಬರಬೇಕಾಯಿತು.

ವಿಜಯಪುರ ಜಿಲ್ಲೆಯ ನಮ್ಮ ಸಾಲೋಟಗಿ ಸೀಮೆಗೆ ಈ ನೋವು ಹೊಸದಲ್ಲ. ಹಲಸಂಗಿ ಗೆಳೆಯರ ಬಳಗ 1931ರಲ್ಲಿ ‘ಗರತಿಯ ಹಾಡು’ ಎಂಬ ಜನಪದ ಗೀತೆಗಳ ಸಂಗ್ರಹ ಪ್ರಕಟಿಸಿದಾಗ, ಈ ಭಾಗದ ಹೆಣ್ಣುಮಕ್ಕಳು ಬೀಸುವ ಕಲ್ಲಿನ ಮುಂದೆ ತೋಡಿಕೊಂಡದ್ದು ನಾಡಿಗೆ ಕೇಳಿತು. ಮನುಷ್ಯರು ಕೇಳಿಸಿಕೊಳ್ಳದ್ದನ್ನು ಅವರು ಕಲ್ಲಿಗೆ ಹೇಳಿದ್ದರು.

ಈಗ ಕೇಳುವ ದಾರಿಯಿದೆ. 2006ರ ಅಕ್ಟೋಬರ್ 26ರಿಂದ ಜಾರಿಯಲ್ಲಿರುವ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯ ಪ್ರಕಾರ ನೊಂದವಳೇ ಬರಬೇಕೆಂದಿಲ್ಲ. ಸಂಗತಿ ಗೊತ್ತಿರುವ ಯಾರೇ ಆಗಲಿ ಸಂರಕ್ಷಣಾಧಿಕಾರಿಗೆ ತಿಳಿಸಬಹುದು. ಸದುದ್ದೇಶದಿಂದ ತಿಳಿಸಿದವರನ್ನು ಕಾನೂನು ಹೊಣೆ ಮಾಡುವುದಿಲ್ಲ. ನಮ್ಮ ರಾಜ್ಯದಲ್ಲಿ ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಯೇ ಸಂರಕ್ಷಣಾಧಿಕಾರಿ. ಅಂಗನವಾಡಿಯಲ್ಲಿ ಕೇಳಿದರೆ ಅವರ ದಾರಿ ತಿಳಿಯುತ್ತದೆ. ಮಹಿಳಾ ಸಹಾಯವಾಣಿ 181.

ಸತ್ತ ಮೇಲೆ ಮೋಹಿನಿಯಾಗಿ ಬಂದು ಸೇಡು ತೀರಿಸಿಕೊಳ್ಳುವ ಹೆಣ್ಣಿಗೆ ನಮ್ಮ ಚಿತ್ರಮಂದಿರಗಳು ಶಿಳ್ಳೆ ಹೊಡೆದದ್ದು ಸಾಕು. ಬದುಕಿರುವವಳು ಕೂಗಿದಾಗ ಪಕ್ಕದ ಮನೆಯವರು ಬಾಗಿಲು ತಟ್ಟಬೇಕು.