ಆಡಳಿತ ಸುಧಾರಣೆಯೂ ಹಳ್ಳಿಯ ಕರಣಿಕನೂ

ಆಡಳಿತ ಸುಧಾರಣೆಯೆಂದರೆ ನಿಯಮಗಳನ್ನು ತಿದ್ದುವುದು, ಕಚೇರಿಗಳನ್ನು ಹೆಚ್ಚಿಸುವುದು, ಕಾಗದಪತ್ರಗಳ ಓಡಾಟವನ್ನು ಚುರುಕುಗೊಳಿಸುವುದು ಎಂದು ನಾವು ಸಾಮಾನ್ಯವಾಗಿ ಭಾವಿಸುತ್ತೇವೆ. ನಮ್ಮ ದೇಶದಲ್ಲಿ 1966ರಲ್ಲಿ ಏರ್ಪಟ್ಟ ಮೊದಲನೆಯ ಆಡಳಿತ ಸುಧಾರಣಾ ಆಯೋಗಕ್ಕೆ ಮೊರಾರ್ಜಿ ದೇಸಾಯಿಯವರ ತರುವಾಯ ಕೆಂಗಲ್ ಹನುಮಂತಯ್ಯನವರು, 2005ರ ಎರಡನೆಯ ಆಯೋಗಕ್ಕೆ ವೀರಪ್ಪ ಮೊಯಿಲಿಯವರು ಅಧ್ಯಕ್ಷರಾದುದು ಕನ್ನಡಿಗರಿಗೆ ಅಭಿಮಾನದ ಸಂಗತಿ. ಆದರೆ ವರದಿ ಎಷ್ಟೇ ಚೆನ್ನಾಗಿದ್ದರೂ ಅದು ಜಾರಿಗೆ ಬರುವುದು ಇನ್ನೊಂದು ಪ್ರಶ್ನೆಯನ್ನು ಅವಲಂಬಿಸಿದೆ. ಆ ಸುಧಾರಣೆಯಿಂದ ಪಡೆಯುವವರು ಯಾರು, ಕಳೆದುಕೊಳ್ಳುವವರು ಯಾರು? ಇದನ್ನು ನಮ್ಮ ಕೊಯಮತ್ತೂರು ಸೀಮೆಯ ನಿದರ್ಶನದಿಂದಲೇ ವಿಚಾರಿಸಬಹುದು.

ಹಳೆಯ ಕೊಯಮತ್ತೂರು ಜಿಲ್ಲೆ ಬಹು ವಿಸ್ತಾರವಾಗಿದ್ದಿತು. ಅದರಿಂದ 1868ರಲ್ಲಿ ನೀಲಗಿರಿ, 1910ರಲ್ಲಿ ಕರೂರು ಬೇರೆಯಾದವು. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಕೊಳ್ಳೇಗಾಲ ಮೈಸೂರಿಗೆ ಸೇರಿತು. 1979ರಲ್ಲಿ ಈರೋಡು ಸೀಮೆ ಪೆರಿಯಾರ್ ಜಿಲ್ಲೆಯಾಯಿತು. 2009ರಲ್ಲಿ ಅವಿನಾಶಿ, ಪಲ್ಲಡಂ, ಉಡುಮಲೆಪೇಟೆಗಳನ್ನೂ ಈರೋಡಿನ ಕಡೆಯ ಧಾರಾಪುರ, ಕಾಂಗೇಯಂಗಳನ್ನೂ ಕೂಡಿಸಿಕೊಂಡು ತಿರುಪ್ಪೂರು ಜಿಲ್ಲೆ ಹುಟ್ಟಿತು. ಹೊಸ ಜಿಲ್ಲೆಯಾದರೆ ಕಲೆಕ್ಟರರ ಕಚೇರಿ ಹತ್ತಿರವಾಗುತ್ತದೆ, ಹೊಸ ಹುದ್ದೆಗಳು ಬರುತ್ತವೆ, ಊರಿಗೆ ಗೌರವ ಸಲ್ಲುತ್ತದೆ. ಕಳೆದುಕೊಳ್ಳುವವರು ಕಡಮೆ. ಆದುದರಿಂದ ಇಂಥ ಸುಧಾರಣೆಯನ್ನು ಯಾವ ಸರಕಾರವೂ ಸಂತೋಷದಿಂದ ಮಾಡುತ್ತದೆ.

ಇದಕ್ಕೆ ವಿರುದ್ಧವಾದುದು ಹಳ್ಳಿಯ ಮಟ್ಟದ ಸುಧಾರಣೆ. ಮಣಿಯಗಾರನು ಕಂದಾಯ ವಸೂಲು ಮಾಡುತ್ತಿದ್ದನು. ಕನ್ನಡ ಸೀಮೆಯಲ್ಲಿ ಶಾನುಭೋಗನೆನಿಸಿದ ಕರಣಿಕನು ಜಮೀನಿನ ಲೆಕ್ಕವನ್ನು ಇಡುತ್ತಿದ್ದನು. 1895ರ ಮದರಾಸು ಕಾನೂನು ಈ ಹುದ್ದೆಗಳ ವಂಶಪಾರಂಪರ್ಯವನ್ನು ಕಾಪಾಡಿತ್ತು. ಹುದ್ದೆಗೆ ವಂಶದ ಹಕ್ಕು ಸಂವಿಧಾನಕ್ಕೆ ಸಲ್ಲದೆಂದು ಸರ್ವೋಚ್ಚ ನ್ಯಾಯಾಲಯ 1960ರಲ್ಲಿಯೇ ಹೇಳಿತು. 1968ರಲ್ಲಿ ಮದರಾಸು ರಾಜ್ಯ ಆ ಕಾನೂನನ್ನು ತೆಗೆದುಹಾಕಿತು. ಆದರೂ ಅರೆಕಾಲಿಕ ಗ್ರಾಮಾಧಿಕಾರಿಯ ಪದ್ಧತಿ ಉಳಿಯಿತು. 1980ರ ನವೆಂಬರಿನಲ್ಲಿ ಎಂ. ಜಿ. ರಾಮಚಂದ್ರನ್ ಅವರ ಸರಕಾರ ಸುಗ್ರೀವಾಜ್ಞೆಯೊಂದರಿಂದ ಆ ಹುದ್ದೆಗಳನ್ನೆಲ್ಲ ರದ್ದುಮಾಡಿ, ಪೂರ್ಣಕಾಲದ ಗ್ರಾಮ ಆಡಳಿತ ಅಧಿಕಾರಿಯನ್ನು ನೇಮಿಸಲು ಹೊರಟಿತು. ಮರುವರ್ಷ ಅದು ಶಾಸನವಾಯಿತು.

ತೀರ್ಪಿಗೂ ಶಾಸನಕ್ಕೂ ನಡುವೆ ಇಪ್ಪತ್ತು ವರ್ಷ! ಏಕೆ? ಕಳೆದುಕೊಳ್ಳುವವನಿಗೆ ತನ್ನ ನಷ್ಟ ಸ್ಪಷ್ಟವಾಗಿ ಗೊತ್ತು. ಅವನು ಸಂಘಟಿತನಾಗಿ ಹೋರಾಡುತ್ತಾನೆ. ಪಡೆಯುವವನು ಊರೂರುಗಳಲ್ಲಿ ಚದರಿರುವ ರೈತ, ನೇಯಿಗೆಯವ, ಕೂಲಿ. ಅವನಿಗೆ ತನ್ನ ಲಾಭವೇ ತಿಳಿಯದು. ಊರಿನ ಪ್ರತಿಯೊಂದು ಪಟ್ಟೆಯ ಗುಟ್ಟನ್ನು ಬಲ್ಲವನನ್ನು ಎದುರುಹಾಕಿಕೊಳ್ಳಲು ರಾಜಕಾರಣಿಗೆ ಧೈರ್ಯ ಸಾಲದು. ಹುದ್ದೆ ಕಳೆದುಕೊಂಡವರು ನ್ಯಾಯಾಲಯಕ್ಕೆ ಹೋದರು. 1982ರಲ್ಲಿ ಸರ್ವೋಚ್ಚ ನ್ಯಾಯಾಲಯ ಶಾಸನವನ್ನು ಎತ್ತಿಹಿಡಿಯಿತು; ತೀರ್ಪನ್ನು ಬರೆದವರು ಕನ್ನಡ ನಾಡಿನವರಾದ ನ್ಯಾಯಮೂರ್ತಿ ಇ. ಎಸ್. ವೆಂಕಟರಾಮಯ್ಯನವರು.

ಈ ಕಷ್ಟ ನಮಗೊಬ್ಬರಿಗೇ ಬಂದುದಲ್ಲ. ಮೈಸೂರು ರಾಜ್ಯ 1961ರ ಶಾಸನದಿಂದ ಪಟೇಲ, ಶಾನುಭೋಗರ ಪರಂಪರೆಯನ್ನು ಕೊನೆಗಾಣಿಸಿತು. ಆಫ್ರಿಕದ ಟ್ಯಾಂಗನ್ಯೀಕ 1963ರಲ್ಲಿ ಬುಡಕಟ್ಟಿನ ಮುಖಂಡರ ಆಡಳಿತಾಧಿಕಾರವನ್ನು ತೆಗೆದುಹಾಕಿತು. ಪರಂಪರೆಯ ಅಧಿಕಾರವನ್ನು ಸಂಬಳದ ನೌಕರನಿಗೆ ವಹಿಸುವ ಕೆಲಸ ಎಲ್ಲಿಯೂ ಸುಲಭವಾಗಿಲ್ಲ.

ಹಾಗೆಂದು ಹಳೆಯವನಲ್ಲಿ ಗುಣವೇ ಇರಲಿಲ್ಲವೆನ್ನಲಾಗದು. ಅವನು ಊರಿನವನು, ಹೊಲದ ಗಡಿಯನ್ನು ಕಣ್ಣಾರೆ ಕಂಡವನು. ಆದರೆ ಲೆಕ್ಕ ಅವನ ಮನೆಯ ಪೆಟ್ಟಿಗೆಯಲ್ಲಿತ್ತು. ಕೇಳಬೇಕಾದರೆ ಅವನ ಜಗಲಿಗೆ ಹೋಗಬೇಕಾಗಿತ್ತು. ಹೊಸ ಅಧಿಕಾರಿ ಪರೀಕ್ಷೆಯಲ್ಲಿ ತೇರ್ಗಡೆಯಾಗಿ ಬರುವವನು, ವರ್ಗವಾಗಿ ಹೋಗುವವನು. ಜಾತಿಯಿಂದಲ್ಲ, ಓದಿನಿಂದ ಆ ಕುರ್ಚಿ ದೊರೆಯುವಂತಾದುದೇ ದೊಡ್ಡ ಲಾಭ. ಅದೇ ಕುರ್ಚಿಯ ಮುಂದೆ ನಿಲ್ಲುವವರಿಗೆ ಓದು ಬಾರದಿದ್ದರೆ ಹಳೆಯ ಜಗಲಿಯ ಬದಲು ಹೊಸ ಜಗಲಿ ಬಂದಂತಾಯಿತು, ಅಷ್ಟೆ. ಮನೆಯಲ್ಲಿ ಕನ್ನಡವಾಡುವ ನಮ್ಮ ದೇವಾಂಗ ನೇಕಾರರ, ಒಕ್ಕಲಿಗರ ಎಷ್ಟೋ ಮುದುಕರಿಗೆ ಪಟ್ಟೆಯ ತಮಿಳು ಅಕ್ಷರವನ್ನು ಇಂದಿಗೂ ಮೊಮ್ಮಕ್ಕಳೇ ಓದಿ ಹೇಳಬೇಕು.

ಇಲ್ಲಿ ಉಪಾಧ್ಯಾಯರ ಕರ್ತವ್ಯ ಬರುತ್ತದೆ. ಕಾಯಿದೆ ಹುದ್ದೆಯನ್ನು ಬದಲಿಸಬಲ್ಲದು. ಕೇಳುವ ಪ್ರಜೆಯನ್ನು ಅದು ತಯಾರಿಸಲಾರದು. ಎಂಟನೆಯ ತರಗತಿಯ ಹುಡುಗನೊಬ್ಬ ತನ್ನ ಮನೆಯ ಪಟ್ಟೆಯನ್ನೂ ಚಿಟ್ಟೆಯನ್ನೂ ಓದಿ, ಸರ್ವೆ ನಂಬರನ್ನು ಗುರುತಿಸಿ, ಒಂದು ಅರ್ಜಿಯನ್ನು ತಪ್ಪಿಲ್ಲದೆ ತಮಿಳಿನಲ್ಲಿ ಬರೆದು ಅದರ ತಾತ್ಪರ್ಯವನ್ನು ಅಜ್ಜಿಗೆ ಕನ್ನಡದಲ್ಲಿ ತಿಳಿಸಬಲ್ಲವನಾದರೆ, 1980ರ ಸುಧಾರಣೆಯಲ್ಲಿ ಉಳಿದ ಅರ್ಧ ಆ ಮನೆಯ ಮಟ್ಟಿಗಾದರೂ ಪೂರ್ಣವಾಯಿತೆಂದು ನಾವು ತಿಳಿಯಬಹುದು. ಈ ಪಾಠಕ್ಕೆ ಯಾವ ಆಯೋಗದ ಶಿಫಾರಸೂ ಬೇಕಿಲ್ಲ. ವಾರಕ್ಕೊಂದು ಗಂಟೆ ಸಾಕು.