ಕಣ್ಣಿನ ಪೊರೆ: ಚಿಕಿತ್ಸೆ ಮುಂದೂಡುವುದರಿಂದಾಗುವ ಅಪಾಯ

ಕಣ್ಣಿನೊಳಗಿನ ಮಸೂರವು ಪಾರದರ್ಶಕತೆಯನ್ನು ಕಳೆದುಕೊಳ್ಳುವುದೇ ಪೊರೆ. ಅದನ್ನು ಕರಗಿಸುವ ಹನಿ ಔಷಧಿಯಿಲ್ಲ, ಶಸ್ತ್ರಚಿಕಿತ್ಸೆಯೊಂದೇ ಪರಿಹಾರ.

‘ಪೊರೆ ಹಣ್ಣಾಗಲಿ, ಆಮೇಲೆ ನೋಡೋಣ’ ಎಂಬ ಮಾತು ಗ್ರಾಮಗಳಲ್ಲಿ ಇಂದಿಗೂ ಕೇಳಿಬರುತ್ತದೆ. ಕೃತಕ ಮಸೂರವಿಲ್ಲದಿದ್ದ ಕಾಲಕ್ಕೆ ಅದು ಸರಿಯಿತ್ತು, ಈಗ ಅಲ್ಲ. ಅತಿಯಾಗಿ ಬಲಿತ ಪೊರೆಯು ಊದಿಕೊಂಡು ಅಥವಾ ಸೋರಿ ಕಣ್ಣಿನೊಳಗಿನ ಒತ್ತಡವನ್ನು ಹೆಚ್ಚಿಸಬಹುದು. ಆಗ ಕಣ್ಣು ಕೆಂಪಾಗಿ ತೀವ್ರ ನೋವು, ತಲೆನೋವು, ವಾಂತಿ ಕಾಣಿಸಿಕೊಳ್ಳುತ್ತವೆ. ಒತ್ತಡದಿಂದ ದೃಷ್ಟಿನರವು ಹಾನಿಗೊಂಡಲ್ಲಿ, ಹೋದ ದೃಷ್ಟಿಯು ಶಸ್ತ್ರಚಿಕಿತ್ಸೆಯಿಂದಲೂ ಮರಳುವುದಿಲ್ಲ. ಮಂದದೃಷ್ಟಿಯ ವೃದ್ಧರು ಬಿದ್ದು ಸೊಂಟದ ಮೂಳೆ ಮುರಿದುಕೊಳ್ಳುವುದೂ ಉಂಟು.

1976ರಲ್ಲಿ ಆರಂಭವಾದ ರಾಷ್ಟ್ರೀಯ ಅಂಧತ್ವ ನಿಯಂತ್ರಣ ಕಾರ್ಯಕ್ರಮದಡಿ ಕೃತಕ ಮಸೂರದ ಅಳವಡಿಕೆಯು ಉಚಿತ. ಜಿನನಾಥಪುರದ ನಾಗರಿಕರು ಆಶಾ ಕಾರ್ಯಕರ್ತೆಯನ್ನು ಅಥವಾ ಚನ್ನರಾಯಪಟ್ಟಣದ ಸರ್ಕಾರಿ ಆಸ್ಪತ್ರೆಯನ್ನು ಸಂಪರ್ಕಿಸುವುದು. ಕಣ್ಣುನೋವಿನೊಂದಿಗೆ ವಾಂತಿಯಿದ್ದಲ್ಲಿ ತಡಮಾಡದೆ ಹಾಸನದ ಜಿಲ್ಲಾ ಆಸ್ಪತ್ರೆಗೆ ತೆರಳತಕ್ಕದ್ದು.