ಬಾಯಲ್ಲಿ ಬಿಳಿ ಮಚ್ಚೆ: ಬೂಷ್ಟೋ, ಕ್ಯಾನ್ಸರೋ?



ಹೋದ ವರ್ಷ ದಸರಾ ರಜೆಯಲ್ಲಿ ನಮ್ಮಜ್ಜಿ, "ಸಾರಿಗೆ ಇಷ್ಟೊಂದು ಖಾರ ಯಾಕೆ ಹಾಕ್ತೀಯೆ?" ಅಂತ ಅಮ್ಮನನ್ನು ದಿನಾ ಬೈಯಲು ಶುರು ಮಾಡಿದಳು. ಖಾರ ಎಂದಿನಷ್ಟೇ ಇತ್ತು. ನಾನು ಟಾರ್ಚ್ ಬಿಟ್ಟು ಅಜ್ಜಿಯ ಬಾಯಿ ನೋಡಿದೆ. ಕೆನ್ನೆಯ ಒಳಗೆ, ಎಲೆಅಡಿಕೆ ಜೊತೆ ಹೊಗೆಸೊಪ್ಪು ಒತ್ತಿಟ್ಟುಕೊಳ್ಳುವ ಜಾಗದಲ್ಲೇ ಬಿಳಿ ಮಚ್ಚೆ ಇತ್ತು. ಬಟ್ಟೆಯಿಂದ ಒರೆಸಿದರೂ ಹೋಗಲಿಲ್ಲ.

ಪಕ್ಕದ ಮನೆಯವರು "ಕ್ಯಾನ್ಸರ್ ಇರಬೇಕು" ಅಂದರು. ಅವತ್ತೇ ನಾವು ಅಜ್ಜಿಯ ಲೋಟ ತಟ್ಟೆ ಬೇರೆ ಇಟ್ಟೆವು. ಅಜ್ಜಿ ಏನೂ ಮಾತಾಡಲಿಲ್ಲ. ಮಾರನೇ ದಿನ ಅಪ್ಪ, ನಾನು ಅಜ್ಜಿಯನ್ನು ಹಲ್ಲಿನ ಆಸ್ಪತ್ರೆಗೆ ಕರೆದುಕೊಂಡು ಹೋದೆವು. ಅಲ್ಲಿ ಡಾಕ್ಟರಮ್ಮ ಹೇಳಿದ್ದನ್ನು ಇಲ್ಲಿ ಬರೆದಿದ್ದೇನೆ.

ನಮ್ಮ ಬಾಯಲ್ಲಿ ಕ್ಯಾಂಡಿಡಾ ಎಂಬ ಶಿಲೀಂಧ್ರ ಇರುತ್ತದೆ. ಇದು ಬ್ರೆಡ್ಡು ಉಬ್ಬಿಸುವ ಯೀಸ್ಟಿನ ಹಾಗೆ ಕಣ್ಣಿಗೆ ಕಾಣದಷ್ಟು ಚಿಕ್ಕದು. ಆರೋಗ್ಯವಂತರಲ್ಲೂ ಎಷ್ಟೋ ಜನರ ಬಾಯಲ್ಲಿ ಇದ್ದೇ ಇರುತ್ತದೆ, ತೊಂದರೆ ಮಾಡುವುದಿಲ್ಲ. ಎಳೆ ಮಕ್ಕಳಲ್ಲಿ, ಸಕ್ಕರೆ ಕಾಯಿಲೆಯವರಲ್ಲಿ, ರಾತ್ರಿಯೂ ಹಲ್ಲಿನ ಸೆಟ್ ತೆಗೆಯದೆ ಮಲಗುವವರಲ್ಲಿ, ಹೊಗೆಸೊಪ್ಪು ಬೀಡಿ ಬಳಸುವವರಲ್ಲಿ ಇದು ಹೆಚ್ಚಾಗಿ ಬೆಳೆಯುತ್ತದೆ. ಆಗ ಹಾಲಿನ ಕೆನೆಯ ಹಾಗೆ ಬಿಳಿ ಪದರ ಬರುತ್ತದೆ. ಒರೆಸಿದರೆ ಹೋಗುತ್ತದೆ, ಔಷಧಿಗೆ ವಾಸಿಯಾಗುತ್ತದೆ. ಇದು ಕ್ಯಾನ್ಸರ್ ಅಲ್ಲ.

ಆದರೆ ಒರೆಸಿದರೂ ಹೋಗದ ಮಚ್ಚೆ ಬೇರೆ. ಹೊಗೆಸೊಪ್ಪು, ಅಡಿಕೆಯಿಂದ ಬಾಯಿಯ ಒಳಚರ್ಮ ಕೆಟ್ಟು ದಪ್ಪವಾಗಿರುತ್ತದೆ. ಅದರೊಳಗೆ ಕ್ಯಾಂಡಿಡಾ ಬೇರು ಬಿಟ್ಟ ಹಾಗೆ ಇಳಿಯುತ್ತದೆ. ಇಂಥ ಮಚ್ಚೆಗಳಲ್ಲಿ ಕೆಲವು ಮುಂದೆ ಕ್ಯಾನ್ಸರ್ ಆಗಬಹುದು. ಮದ್ಯ ಕುಡಿಯುವವರ ಬಾಯಲ್ಲಿ ಈ ಶಿಲೀಂಧ್ರವು ಮದ್ಯವನ್ನು ಅಸಿಟಾಲ್ಡಿಹೈಡ್ ಎಂಬ ವಿಷವಾಗಿ ಮಾಡುತ್ತದೆ. ಅದೂ ಕ್ಯಾನ್ಸರಿಗೆ ದಾರಿ. ಶಿಲೀಂಧ್ರ ಒಂದೇ ಕ್ಯಾನ್ಸರ್ ತರುತ್ತದೆ ಎಂದು ಇನ್ನೂ ಸಾಬೀತಾಗಿಲ್ಲ. ದೊಡ್ಡ ಕಳ್ಳ ಹೊಗೆಸೊಪ್ಪು, ಶಿಲೀಂಧ್ರ ಅವನ ಜೊತೆಗಾರ ಎನ್ನಬಹುದು.

"ನಾನು ಬರೀ ಅಡಿಕೆ ಹಾಕ್ಕೊಳ್ಳೋದು" ಅನ್ನುವವರೂ ಕೇಳಿ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2004ರ ವರದಿಯಲ್ಲೇ ಅಡಿಕೆಯೂ ಕ್ಯಾನ್ಸರ್ ತರುತ್ತದೆ ಎಂದು ಹೇಳಿದೆ. ನಮ್ಮ ರಾಜ್ಯದಲ್ಲಿ 2013ರಲ್ಲಿ ಗುಟ್ಕಾ ನಿಷೇಧವಾಯಿತು. ಆದರೂ ಪಾನ್ ಮಸಾಲ ಒಂದು ಪೊಟ್ಟಣ, ತಂಬಾಕು ಇನ್ನೊಂದು ಪೊಟ್ಟಣ ಕೊಂಡು ಬೆರೆಸಿಕೊಳ್ಳುತ್ತಾರೆ. ಅಂಥ ಪೊಟ್ಟಣಗಳು ನಮ್ಮ ಬಸ್ ಸ್ಟಾಪಿನಲ್ಲೂ ಬಿದ್ದಿರುತ್ತವೆ.

ಅಜ್ಜಿಯ ಮಚ್ಚೆಯಿಂದ ಅಕ್ಕಿಕಾಳಿನಷ್ಟು ತೆಗೆದು ಪರೀಕ್ಷೆ ಮಾಡಿದರು. ಇದಕ್ಕೆ ಬಯಾಪ್ಸಿ ಅನ್ನುತ್ತಾರೆ. ಫಲಿತಾಂಶ ಬರುವ ತನಕ ಅಪ್ಪ ಸರಿಯಾಗಿ ಊಟ ಮಾಡಲಿಲ್ಲ. ಕೊನೆಗೆ ಕ್ಯಾನ್ಸರ್ ಇಲ್ಲ, ಶಿಲೀಂಧ್ರ ಇದೆ ಎಂದು ಬಂತು. "ಹೊಗೆಸೊಪ್ಪು ಬಿಡದಿದ್ದರೆ ಮುಂದಿನ ಸಲ ಹೀಗೇ ಹೇಳ್ತೀನಿ ಅನ್ನೋಕೆ ಆಗಲ್ಲ" ಅಂದರು ಡಾಕ್ಟರಮ್ಮ. ಕ್ಯಾನ್ಸರ್ ಅಂಟುರೋಗ ಅಲ್ಲ, ಲೋಟ ಬೇರೆ ಇಡಬೇಕಿಲ್ಲ ಅಂತಲೂ ಹೇಳಿದರು. ನನಗೆ ತುಂಬಾ ನಾಚಿಕೆ ಆಯಿತು.

ಮಚ್ಚೆ ಈಗ ಕಡಿಮೆಯಾಗಿದೆ. ಮೂರು ತಿಂಗಳಿಗೊಮ್ಮೆ ತೋರಿಸಬೇಕು. ಅಜ್ಜಿ ಎಲೆಚೀಲಕ್ಕೆ ಏಲಕ್ಕಿ, ಸೋಂಪು ತುಂಬಿಕೊಂಡಿದ್ದಾಳೆ. ಒಂದೊಂದು ದಿನ ಹೊಗೆಸೊಪ್ಪು ಕೇಳುತ್ತಾಳೆ, ನಾವು ಕೊಡುವುದಿಲ್ಲ.

ಗೆಳೆಯರೇ, ಇವತ್ತು ಮನೆಗೆ ಹೋಗಿ ಹಿರಿಯರ ಬಾಯಿ ನೋಡಿ. ಬಿಳಿ ಅಥವಾ ಕೆಂಪು ಮಚ್ಚೆ, ಗಂಟು, 2 ವಾರವಾದರೂ ಮಾಯದ ಹುಣ್ಣು, ಬಾಯಿ ಅಗಲಿಸಲು ಕಷ್ಟ ಇದ್ದರೆ ಮನೆಮದ್ದು ಹಚ್ಚುತ್ತಾ ಕೂರಬೇಡಿ. ಯಲಹಂಕದ ಸರ್ಕಾರಿ ಆಸ್ಪತ್ರೆಗೋ, ಹುಣಸಮಾರನಹಳ್ಳಿಯ ದಂತ ಕಾಲೇಜಿಗೋ ಕರೆದುಕೊಂಡು ಹೋಗಿ. ಕ್ಯಾನ್ಸರೇ ಆಗಿದ್ದರೂ ಬೆಂಗಳೂರಿನಲ್ಲಿ 1973ರಲ್ಲಿ ಶುರುವಾದ ಕಿದ್ವಾಯಿ ಆಸ್ಪತ್ರೆ ಇದೆ. ಬೇಗ ಹೋದರೆ ವಾಸಿಯಾಗುವ ಸಾಧ್ಯತೆ ಹೆಚ್ಚು.

ಟಾರ್ಚ್ ಇಲ್ಲದಿದ್ದರೆ ಬಿಸಿಲಿನಲ್ಲಿ ನಿಲ್ಲಿಸಿ ನೋಡಿ, ಸಾಕು.

— 7ನೇ ತರಗತಿ ವಿದ್ಯಾರ್ಥಿನಿ